ಉಳಿದ 31

ರಾತ್ರಿ ನಿದ್ದೆ ಹತ್ತಲಿಲ್ಲ ಅಂತ ಮತ್ತೆ 'ಹೋಮಿಸೈಡ್ ಹಂಟರ್' ಅನ್ನೋ ಅಮೆರಿಕದ ಕ್ರೈಂ ಶೋ ಹಾಕಿಕೊಂಡು ಕೂತೆ. ಕೊಲೆ ಕತೆ ನೋಡಿದ್ರೆ ನಿದ್ದೆ ಬರುತ್ತಾ ಅಂತ ಮನೇಲಿ ಬೈತಾರೆ. ನನಗೆ ಬರುತ್ತೆ, ಏನ್ ಮಾಡ್ಲಿ!

ಅದರಲ್ಲಿ ಕತೆ ಹೇಳುವ ಜೋ ಕೆಂಡಾ ನಟ ಅಲ್ಲ, ನಿಜವಾದ ಪೊಲೀಸು. ಅಮೆರಿಕದ ಕೊಲರಾಡೊ ಸ್ಪ್ರಿಂಗ್ಸ್‌ನಲ್ಲಿ 23 ವರ್ಷ ಕೆಲಸ ಮಾಡಿ 1996ರಲ್ಲಿ ನಿವೃತ್ತರಾದವರು. ಆಮೇಲೆ ವಿಶೇಷ ಚೇತನ ಮಕ್ಕಳ ಶಾಲಾ ಬಸ್ ಓಡಿಸಿದರಂತೆ. ಅಷ್ಟು ಹೆಣ ನೋಡಿದ ಮನುಷ್ಯ ಬೆಳಬೆಳಗ್ಗೆ ಮಕ್ಕಳನ್ನು ಹತ್ತಿಸಿಕೊಳ್ಳೋದು ನೆನೆಸಿಕೊಂಡರೆ ನನಗೆ ಶೋಗಿಂತ ಅದೇ ಇಷ್ಟ. ಟಿವಿಗೆ ಬಂದಿದ್ದು 2011ರಲ್ಲಿ, ವಯಸ್ಸು ಅರವತ್ತು ದಾಟಿದ ಮೇಲೆ. ಒಂಬತ್ತು ಸೀಸನ್ ನಡೀತು. ಕುರ್ಚಿ ಮೇಲೆ ಕೂತು ನೆನಪಿನಿಂದಲೇ ಹೇಳ್ತಾ ಹೋಗ್ತಾರೆ. ನಮ್ಮ ಕ್ರೈಂ ಕಾರ್ಯಕ್ರಮಗಳ ನಿರೂಪಕರ ಅರಚಾಟ ಆ ದನಿಯಲ್ಲಿ ಇಲ್ಲ. ಮಾತಿನ ಮಧ್ಯೆ "ಮೈ, ಮೈ, ಮೈ" ಅನ್ನೋದು ಅವರ ಅಭ್ಯಾಸ. ಹೆಣದ ಪಕ್ಕ ಅದು ಕನ್ನಡದ ಕಿವಿಗೆ ಬೇರೆಯೇ ಕೇಳುತ್ತೆ!

ಕೆಂಡಾ ಕೈಗೆ ಬಂದದ್ದು 387 ಕೊಲೆ ಕೇಸು, ಅದರಲ್ಲಿ 356 ಬಗೆಹರಿದವು. ಎಲ್ಲರೂ ಶೇ 92 ಅಂತ ಹೊಗಳ್ತಾರೆ. ನಿನ್ನೆ ಯಾಕೋ ಕಳೆದು ನೋಡಿದೆ. 31 ಉಳೀತು. ಆ ಮನೆಗಳವರು ಈ ಶೋ ಬಂದಾಗ ಚಾನೆಲ್ ಬದಲಿಸ್ತಿದ್ದರೋ, ತಮ್ಮವರ ಹೆಸರು ಇವತ್ತಾದರೂ ಬಂದೀತೇನೋ ಅಂತ ಕೂತು ನೋಡ್ತಿದ್ದರೋ.

ಅಷ್ಟರಲ್ಲಿ ಮುಂದಿನ ಕಂತು ತಾನೇ ಶುರುವಾಯ್ತು. ಆಫ್ ಮಾಡಿದೆ. ನಿದ್ದೆ ಮಾತ್ರ ಬರಲಿಲ್ಲ.