ಮಳೆಯಲ್ಲಮ್ಮ, ಗೀರು

ಸೋಮವಾರ ರಾತ್ರಿ ಅಮ್ಮನಿಗೆ 'ಘಟಶ್ರಾದ್ಧ' ಸಿನಿಮಾ ಹಾಕಿಕೊಟ್ಟೆ. ಯೂಟ್ಯೂಬಿನಲ್ಲಿ ಯಾರೋ ಪುಣ್ಯಾತ್ಮ ಹಾಕಿದ್ದ ಕಾಪಿ. ಮೂಲೆಯಲ್ಲಿ ಚಾನೆಲ್ಲಿನ ದೊಡ್ಡ ಲೋಗೋ, ಅದೂ ಸರಿಯಾಗಿ ನಾಯಕಿ ಯಮುನಕ್ಕ ಬಂದು ನಿಲ್ಲೋ ಕಡೆಗೇ. ಐದು ನಿಮಿಷ ಆಗಿರಲಿಲ್ಲ, ಅಮ್ಮ ಕೇಳಿದಳು.

"ಮಳೆ ಬರ್ತಿದೆಯೇನೇ?"

"ಮಳೆಯಲ್ಲಮ್ಮ, ಗೀರು. ಪ್ರಿಂಟ್ ಹಳೇದು."

"ಸುಮ್ನಿರು, ನಂಗೊತ್ತಿಲ್ವಾ? ಮಳೆನೇ."

ತೀರ್ಥಹಳ್ಳಿ ಕಡೆ ಹುಟ್ಟಿದವಳಿಗೆ ಮಳೆ ಬಗ್ಗೆ ನಾನೇನು ಹೇಳಿಕೊಡಲಿ? ತಮ್ಮ ಮಾತ್ರ ಫೋನಿನಿಂದ ತಲೆ ಎತ್ತದೆ, "ಬ್ಲ್ಯಾಕ್ ಅಂಡ್ ವೈಟ್ ಯಾರು ನೋಡ್ತಾರೆ" ಅಂದ. ಅವನು ಕಲರ್ ಸಿನಿಮಾನೂ ಪೂರ್ತಿ ನೋಡಿದವನಲ್ಲ, ಬಿಡಿ. ಒಂಬತ್ತಕ್ಕೆ ಅಮ್ಮ ಮಾತ್ರೆ ನುಂಗಿ, "ಉಳಿದದ್ದು ನಾಳೆ" ಅಂತ ಎದ್ದಳು.

ಮಾರನೇ ದಿನ ಬಸ್ಸಿನಲ್ಲಿ ಕೂತರೂ ಅದೇ ಮಾತು. ಮಳೆಯಲ್ಲಮ್ಮ, ಗೀರು. ಗಿರೀಶ್ ಕಾಸರವಳ್ಳಿಯವರ ಮೊದಲ ಸಿನಿಮಾ ಇದು, 1977ರದ್ದು, ಸ್ವರ್ಣಕಮಲ ಬಂದದ್ದು. ಪುಣ್ಯಕ್ಕೆ ಇದರ ಮೂಲ ನೆಗೆಟಿವ್ ಪುಣೆಯ ಫಿಲ್ಮ್ ಆರ್ಕೈವ್‌ನಲ್ಲಿ ಉಳಿದಿತ್ತು. ಅದರಿಂದಲೇ ಮುಂಬೈಯ ಫಿಲ್ಮ್ ಹೆರಿಟೇಜ್ ಫೌಂಡೇಶನ್‌ನವರು ಹಾಲಿವುಡ್ ನಿರ್ದೇಶಕ ಮಾರ್ಟಿನ್ ಸ್ಕೋರ್ಸೆಸಿಯವರ ಸಂಸ್ಥೆ ಜೊತೆ ಸೇರಿ ಇದನ್ನು ಇಟಲಿಯ ಲ್ಯಾಬಿನಲ್ಲಿ ಸರಿಮಾಡಿಸಿದರು. 2024ರಲ್ಲಿ ವೆನಿಸ್ ಚಿತ್ರೋತ್ಸವದಲ್ಲಿ ತೋರಿಸಿದರು. ಅಲ್ಲಿಯವರು ನೋಡಿದ ಮಲೆನಾಡು ತೊಳೆದಿಟ್ಟ ಹಾಗಿದ್ದಿರಬೇಕು. ಅಮ್ಮನ ಪಾಲಿಗೆ ಬಂದದ್ದು ಲೋಗೋ, ಗೀರು.

ಹಾಗಂತ ಆ ಚಾನೆಲ್ಲಿನವನನ್ನು ಬೈಯೋಕೂ ಮನಸ್ಸು ಬರಲ್ಲ. ಕಳ್ಳನೇ, ಅನುಮಾನ ಇಲ್ಲ. ಆದರೆ ಅವನಿಲ್ಲದಿದ್ದರೆ ಅಮ್ಮನಿಗೆ ನಾನು ಏನು ತೋರಿಸ್ತಿದ್ದೆ? ಸಿನಿಮಾ ರೀಲು ಅನ್ನೋದು ಉಪ್ಪಿನಕಾಯಿ ಹಾಗೆ. ಸೆಖೆ, ತೇವ ತಾಗಿದರೆ ಕೆಟ್ಟೇ ಹೋಗುತ್ತೆ, ಹುಳಿ ವಾಸನೆ ಬರುತ್ತೆ, ಸುರುಟಿಕೊಳ್ಳುತ್ತೆ. ಕನ್ನಡದ ಮೊದಲ ವಾಕ್ಚಿತ್ರ 'ಸತಿ ಸುಲೋಚನ', 1934ರದ್ದು. ಅದರ ಒಂದು ಪ್ರಿಂಟೂ ಈಗ ಇಲ್ಲ. ಫೋಟೋ ಇವೆ, ಅಷ್ಟೇ. ಗೀರು ಬಿದ್ದದ್ದಾದರೂ ಒಂದು ರೀಲು ಸಿಕ್ಕಿದ್ದರೆ ನಾವೆಲ್ಲ ಮಳೆ ಅಂದುಕೊಂಡೇ ನೋಡ್ತಿರಲಿಲ್ವಾ?

ಸಂಜೆ ಅಮ್ಮ ನನಗಿಂತ ಮುಂಚೆ ಟಿವಿ ಮುಂದೆ ಕೂತಿದ್ದಳು. "ಆ ಹುಡುಗಿ ಏನಾದಳು ಕೊನೆಗೆ?" ನನಗೆ ಗೊತ್ತಿತ್ತು, ಹೇಳಲಿಲ್ಲ. ಲಿಂಕ್ ಒತ್ತಿದೆ. ಪರದೆ ಪೂರ್ತಿ ಕಪ್ಪು, ನಡುವೆ ಒಂದು ಸಾಲು, ಈ ವಿಡಿಯೋ ಲಭ್ಯವಿಲ್ಲ.

ಅಮ್ಮ ಸ್ವಲ್ಪ ಹೊತ್ತು ಕಾದಳು. ಆಮೇಲೆ ಟೆಂಟಿನಲ್ಲಿ ಕೂತವಳ ಹಾಗೆ ಹಿಂದೆ ತಿರುಗಿ, "ಕರೆಂಟ್ ಹೋಯ್ತೇನೇ?" ಅಂದಳು.