ಒದ್ದೆ ಸೌದೆ ಮತ್ತು ಎಲೆಯ ತುಕ್ಕು

ಕೊಡಗಿನ ಮಾದಾಪುರದ ಸಮೀಪವಿರುವ ನಮ್ಮ ಕಾಫಿ ತೋಟದ ಮನೆಯಲ್ಲಿ ಅಜ್ಜನ ಕಾಲದ ಲೆಕ್ಕದ ಪುಸ್ತಕಗಳು ಕೆಲವು ಉಳಿದಿವೆ. ಆಳುಗಳ ಬಟವಾಡೆ, ಗೊಬ್ಬರದ ಖರ್ಚು, ಹೂಮಳೆ ಬಿದ್ದ ದಿನ, ಮಳೆಯ ಇಂಚುಗಳು ಇವೆಲ್ಲದರ ನಡುವೆ ಒಂದು ಪುಟದಲ್ಲಿ, ಆಗ ಹೊಸದಾಗಿ ನೆಟ್ಟ ಎಸ್.795 ಅರೇಬಿಕಾ ತಳಿಯ ಹೆಸರಿನ ಎದುರು, ಅವರು ‘ಇದಕ್ಕೆ ತುಕ್ಕು ಬರುವುದಿಲ್ಲ’ ಎಂದು ಬರೆದಿದ್ದಾರೆ. ಅದೇ ಪಟ್ಟೆಯಲ್ಲಿ ಇಂದು ಒಂದು ಎಲೆಯನ್ನು ಮಗುಚಿದರೆ ಕಿತ್ತಳೆ ಬಣ್ಣದ ಪುಡಿ ಬೆರಳಿಗೆ ಅಂಟುತ್ತದೆ. ಅದೇ ಎಲೆ ತುಕ್ಕು ಎಂಬ ರೋಗ.

ಆ ವಾಕ್ಯವನ್ನು ಸುಳ್ಳೆಂದು ಕರೆಯಲು ನನಗೆ ಮನಸ್ಸಾಗುವುದಿಲ್ಲ. ಅಜ್ಜ ಕಂಡದ್ದನ್ನೇ ಬರೆದಿದ್ದರು. ತಳಿಯನ್ನು ಬೆಳೆಸಿದವರೂ ತಾವು ಪರೀಕ್ಷಿಸಿದ್ದನ್ನೇ ಹೇಳಿದ್ದರು. ಆದರೂ ಬೆಳೆಗಾರರ ಸಭೆಗಳಲ್ಲಿ ನಾನು ಮತ್ತೆ ಮತ್ತೆ ಕೇಳುವ ಮಾತೊಂದಿದೆ: ‘ವಿಜ್ಞಾನಿಗಳು ಇವತ್ತು ಒಂದು ಹೇಳುತ್ತಾರೆ, ನಾಳೆ ಇನ್ನೊಂದು.’ ಇದು ಬೇಸರದಿಂದ ಬಂದ ಮಾತಾದರೂ ಇದರೊಳಗೊಂದು ನಿಜವಾದ ತಾತ್ವಿಕ ಪ್ರಶ್ನೆ ಇದೆ. ನಿನ್ನೆಯ ಅರಿವು ಇಂದು ಬದಲಾಯಿತು ಎಂದರೆ ನಿನ್ನೆ ನಮ್ಮಲ್ಲಿದ್ದದ್ದು ಅರಿವೇ ಅಲ್ಲವೇ?

ಎಲೆ ತುಕ್ಕಿನ ಚರಿತ್ರೆಯನ್ನೇ ಹಿಡಿದು ಈ ಪ್ರಶ್ನೆಯನ್ನು ನೋಡಬಹುದು. 19ನೆಯ ಶತಮಾನದ ಮೊದಲರ್ಧದಲ್ಲಿ, ರೋಗ ತಗುಲಿದ ಎಲೆಯ ಮೇಲೆ ಕಾಣುವ ಬೂಷ್ಟು ರೋಗದ ಫಲವೇ ಹೊರತು ಕಾರಣವಲ್ಲ ಎಂದು ಸಸ್ಯಶಾಸ್ತ್ರಜ್ಞರಲ್ಲಿ ಅನೇಕರು ನಂಬಿದ್ದರು. ಗಿಡ ಮೊದಲು ಹವೆಯಿಂದಲೋ ಮಣ್ಣಿನಿಂದಲೋ ಸೊರಗುತ್ತದೆ, ಕೊಳೆತ ಕಡೆ ಬೂಷ್ಟು ಹುಟ್ಟುತ್ತದೆ ಎಂಬುದು ಅವರ ವಿವರಣೆ. ಐರ್ಲೆಂಡಿನ ಆಲೂಗಡ್ಡೆ ಬೆಳೆ ನಾಶವಾದಾಗ, 1846ರಲ್ಲಿ, ಇಂಗ್ಲೆಂಡಿನ ಪಾದ್ರಿ ಮೈಲ್ಸ್ ಬರ್ಕ್ಲಿ ಶಿಲೀಂಧ್ರವೇ ಕಾರಣವೆಂದು ವಾದಿಸಿದರು. ಅದನ್ನು ಪ್ರಯೋಗದಿಂದ ತೋರಿಸಿಕೊಟ್ಟವರು, 1861ರಲ್ಲಿ, ಜರ್ಮನಿಯ ಆಂಟನ್ ಡಿ ಬಾರಿ. ಸಿಲೋನಿನ, ಎಂದರೆ ಇಂದಿನ ಶ್ರೀಲಂಕಾದ, ಕಾಫಿ ಎಲೆಗಳ ಮೇಲಿನ ತುಕ್ಕನ್ನು 1869ರಲ್ಲಿ ವಿವರಿಸಿ ಅದಕ್ಕೆ ಹೆಮಿಲಿಯಾ ವಾಸ್ಟಾಟ್ರಿಕ್ಸ್ ಎಂಬ ಹೆಸರು ಕೊಟ್ಟವರಲ್ಲಿ ಅದೇ ಬರ್ಕ್ಲಿಯವರೂ ಒಬ್ಬರು. 1880ರಿಂದ 1882ರವರೆಗೆ ಹ್ಯಾರಿ ಮಾರ್ಷಲ್ ವಾರ್ಡ್ ಸಿಲೋನಿನಲ್ಲಿ ಕುಳಿತು, ಬೀಜಾಣು ಎಲೆಯ ಮೇಲೆ ಮೊಳೆತು ಒಳಹೊಕ್ಕುವುದನ್ನು ಹಂತಹಂತವಾಗಿ ತೋರಿಸಿದರು. ಅಷ್ಟರಲ್ಲಿ ಅಲ್ಲಿನ ಕಾಫಿ ಉಳಿಯುವ ಹಂತವನ್ನು ದಾಟಿತ್ತು, ಬೆಳೆಗಾರರು ಕ್ರಮೇಣ ಚಹಾದ ಕಡೆ ತಿರುಗಿದರು.

ಇಲ್ಲಿ ನನ್ನನ್ನು ಹಿಡಿದು ನಿಲ್ಲಿಸುವ ಸಂಗತಿಯೆಂದರೆ, ಕಿತ್ತಳೆ ಪುಡಿ ಎಲ್ಲರಿಗೂ ಮೊದಲಿನಿಂದಲೂ ಕಾಣುತ್ತಿತ್ತು ಎಂಬುದು. ಕಣ್ಣಿಗೆ ಬಿದ್ದದ್ದು ಬದಲಾಗಲಿಲ್ಲ. ಯಾವುದು ಕಾರಣ, ಯಾವುದು ಕಾರ್ಯ ಎಂಬ ದಿಕ್ಕು ತಿರುಗಿತು. ಖಗೋಳಜ್ಞರಾದ ಟೈಕೊ ಬ್ರಾಹೆಯೂ ಕೆಪ್ಲರನೂ ಒಂದೇ ಬೆಟ್ಟದ ಮೇಲೆ ನಿಂತು ಬೆಳಗನ್ನು ನೋಡಿದರೆ ಇಬ್ಬರೂ ಒಂದನ್ನೇ ಕಾಣುತ್ತಾರೆಯೇ ಎಂದು ತತ್ತ್ವಜ್ಞ ನಾರ್ವುಡ್ ರಸೆಲ್ ಹ್ಯಾನ್ಸನ್ 1958ರಲ್ಲಿ ಕೇಳಿದ್ದರು. ಒಬ್ಬನಿಗೆ ಸೂರ್ಯ ಮೇಲೇರುತ್ತಾನೆ, ಇನ್ನೊಬ್ಬನಿಗೆ ಭೂಮಿ ತಿರುಗುತ್ತದೆ. ರೋಗದ ಫಲವಾಗಿ ಬೂಷ್ಟನ್ನು ಕಂಡವರೂ ಕಾರಣವಾಗಿ ಕಂಡವರೂ ಹೀಗೆಯೇ ಒಂದೇ ಎಲೆಯ ಮುಂದೆ ನಿಂತಿದ್ದರು. ಈ ಬಗೆಯ ಬದಲಾವಣೆಯಲ್ಲಿ ಹಳೆಯದು ತಪ್ಪು, ಹೊಸದು ಸರಿ ಎಂದು ನೇರವಾಗಿ ಹೇಳಿಬಿಡಬಹುದು.

ಅಜ್ಜನ ವಾಕ್ಯ ಆ ಬಗೆಯದಲ್ಲ. ಅದನ್ನು ಅರ್ಥಮಾಡಿಕೊಳ್ಳಲು ನನಗೆ ಹೆಚ್ಚು ನೆರವಾದದ್ದು ನಮ್ಮ ಪ್ರಾಚೀನ ತರ್ಕಪರಂಪರೆಯಾದ ನ್ಯಾಯದರ್ಶನದ ‘ಉಪಾಧಿ’ ಎಂಬ ಪರಿಕಲ್ಪನೆ. ಒಂದಿದ್ದಲ್ಲೆಲ್ಲ ಇನ್ನೊಂದಿರುತ್ತದೆ ಎಂಬ ನಿಯಮಕ್ಕೆ ಅಲ್ಲಿ ವ್ಯಾಪ್ತಿ ಎನ್ನುತ್ತಾರೆ. ಹೊಗೆಯಿದ್ದಲ್ಲಿ ಬೆಂಕಿಯಿದೆ ಎಂಬುದು ನಿಲ್ಲುವ ವ್ಯಾಪ್ತಿ. ಬೆಂಕಿಯಿದ್ದಲ್ಲಿ ಹೊಗೆಯಿದೆ ಎಂಬುದು ನಿಲ್ಲುವುದಿಲ್ಲ, ಏಕೆಂದರೆ ಕೆಂಪಗೆ ಕಾದ ಕಬ್ಬಿಣದ ಗುಂಡಿನಲ್ಲಿ ಬೆಂಕಿಯಿದ್ದರೂ ಹೊಗೆಯಿಲ್ಲ. ಹೊಗೆಗೆ ಒದ್ದೆ ಸೌದೆಯ ಸಂಬಂಧ ಬೇಕು. ಆ ಒದ್ದೆ ಸೌದೆಯೇ ಉಪಾಧಿ, ಹೇಳದೆ ಉಳಿದ ಷರತ್ತು. ಕೊಡಗಿನ ಸುರಿಮಳೆಯ ಆಟಿ ತಿಂಗಳಿನಲ್ಲಿ ಬಚ್ಚಲ ಒಲೆಯ ಮುಂದೆ ಕುಳಿತು ಬೆಳೆದ ಮಗುವಿಗೆ ಬೆಂಕಿಯಿದ್ದಲ್ಲೆಲ್ಲ ಹೊಗೆಯಿರುತ್ತದೆ ಎಂದೇ ಅನ್ನಿಸುತ್ತದೆ. ಅದರ ಅನುಭವದಲ್ಲಿ ಸುಳ್ಳೇನೂ ಇಲ್ಲ. ಒಣಗಿದ ಸೌದೆಯನ್ನು ಅದು ಕಂಡಿಲ್ಲ, ಅಷ್ಟೆ.

‘ಇದಕ್ಕೆ ತುಕ್ಕು ಬರುವುದಿಲ್ಲ’ ಎಂಬುದೂ ಅಂಥದೇ ವಾಕ್ಯ. ಕಳೆದ ಶತಮಾನದ ಆರಂಭದಲ್ಲಿ ಮೈಸೂರು ಸೀಮೆಯಲ್ಲಿ ಆರಿಸಿದ ಕೆಂಟ್ಸ್ ತಳಿ ತುಕ್ಕನ್ನು ತಡೆದುಕೊಂಡಿತು, ಕೆಲವು ವರ್ಷಗಳ ಬಳಿಕ ಅದೂ ಸೋತಿತು. ಏಕೆ ಎಂಬುದಕ್ಕೆ ಉತ್ತರ ಬಂದದ್ದು ಬಾಳೆಹೊನ್ನೂರಿನ ಕಾಫಿ ಸಂಶೋಧನಾ ಕೇಂದ್ರದಿಂದ: ತುಕ್ಕು ಒಂದೇ ಅಲ್ಲ, ಕಣ್ಣಿಗೆ ಒಂದೇ ರೀತಿ ಕಾಣುವ ಅದರೊಳಗೆ ಬೇರೆಬೇರೆ ಬುಡಗಳಿವೆ ಎಂದು ಡಬ್ಲ್ಯು. ಡಬ್ಲ್ಯು. ಮೇಯ್ನ್ 1932ರಲ್ಲಿ ಪ್ರಕಟಿಸಿದರು. ಇಂಗ್ಲಿಷಿನ ‘ರೇಸ್’ ಎಂಬುದನ್ನು, ಎಂದರೆ ಒಂದೇ ಶಿಲೀಂಧ್ರದ ಒಳಬಗೆಯನ್ನು, ನಾನು ಬುಡ ಎನ್ನುತ್ತಿದ್ದೇನೆ. ಎಸ್.795 ಆಗ ಗೊತ್ತಿದ್ದ ಎರಡು ಬುಡಗಳನ್ನು ತಡೆಯುವ ಗುಣವಿದ್ದ ತಳಿ. ಇಂದು ಜಗತ್ತಿನಲ್ಲಿ ಗುರುತಿಸಿರುವ ಬುಡಗಳು 50ಕ್ಕೂ ಹೆಚ್ಚು. ನಮ್ಮ ನದಿಯ ಹೆಸರನ್ನೇ ಹೊತ್ತು ಬಂದ ಕಾವೇರಿ ತಳಿಯೂ ಮೊದಲು ತಡೆದು ಆಮೇಲೆ ಸೋತಿತು. ಬಾಳೆಹೊನ್ನೂರಿಗೆ ಗೊತ್ತಿದ್ದ ಉಪಾಧಿ ಮಾದಾಪುರದ ಲೆಕ್ಕದ ಪುಸ್ತಕಕ್ಕೆ ಇಳಿದಿರಲಿಲ್ಲ ಎಂಬುದನ್ನೂ ಇಲ್ಲಿ ಹೇಳಬೇಕು. ಪ್ರಯೋಗಾಲಯದಿಂದ ತೋಟಕ್ಕೆ ಬರುವ ದಾರಿಯಲ್ಲಿ ಮೊದಲು ಉದುರಿಹೋಗುವುದು ‘ಇಂಥ ಸಂದರ್ಭದಲ್ಲಿ’ ಎಂಬ ಮಾತೇ.

ಕೊಡಗಿನ ನೆರಳಿನ ಕಥೆಯೂ ಇದೇ ಜಾತಿಯದು. 19ನೆಯ ಶತಮಾನದ ನಡುವಿನಲ್ಲಿ ಇಲ್ಲಿಗೆ ಬಂದ ಯುರೋಪಿಯನ್ ಬೆಳೆಗಾರರು ಕಾಡನ್ನು ಬೋಳಿಸಿ ಬಿಸಿಲಿನಲ್ಲಿ ಕಾಫಿ ಬೆಳೆದರು, ಕೆಲವು ವರ್ಷ ಒಳ್ಳೆಯ ಫಸಲು ಕಂಡರು. 1860ರ ದಶಕದಲ್ಲಿ ಕಾಂಡಕೊರಕ ಹುಳು ತೋಟಗಳನ್ನು ಹಾಳುಮಾಡಿದಾಗ ಮದರಾಸು ಸರ್ಕಾರ ಡಾ. ಜಾರ್ಜ್ ಬೀಡಿ ಎಂಬ ವೈದ್ಯರನ್ನು ತನಿಖೆಗೆ ಕಳುಹಿಸಿತು. ಅವರು ನೆರಳಿನ ಅಗತ್ಯವನ್ನು ಒತ್ತಿಹೇಳಿದರು. ಕೊರಕದ ಹೆಣ್ಣುದುಂಬಿ ಬಿಸಿಲು ಬಿದ್ದ ಕಾಂಡದ ತೊಗಟೆಯ ಬಿರುಕಿನಲ್ಲಿ ಮೊಟ್ಟೆಯಿಡಲು ಇಷ್ಟಪಡುತ್ತದೆ. ಬಿಸಿಲಿನಲ್ಲಿ ಕಾಫಿ ಚೆನ್ನಾಗಿ ಬರುತ್ತದೆ ಎಂಬುದು ಕೊರಕ ಹೆಚ್ಚುವವರೆಗಿನ ಸತ್ಯವಾಗಿತ್ತು.

ಹಾಗಾದರೆ ವಿಜ್ಞಾನದ ಬದಲಾವಣೆಯೆಲ್ಲ ಉಪಾಧಿಯನ್ನು ಕಂಡುಕೊಳ್ಳುವುದೇ? ಬಹುಪಾಲು ಹೌದೆಂದೇ ನನ್ನ ನಂಬಿಕೆ. ಆದರೆ ಎಡವಿದಾಗ ಉಪಾಧಿಯನ್ನು ಎಲ್ಲಿ ಹುಡುಕಬೇಕೆಂಬುದನ್ನು ಯಾವ ತರ್ಕವೂ ಮುಂಚಿತವಾಗಿ ಹೇಳಿಕೊಡುವುದಿಲ್ಲ. ಯುರೇನಸ್ ಗ್ರಹ ಲೆಕ್ಕಕ್ಕಿಂತ ಬೇರೆ ದಾರಿ ಹಿಡಿದಾಗ ಫ್ರಾನ್ಸಿನ ಖಗೋಳಜ್ಞ ಲೆವೆರಿಯೆ ನ್ಯೂಟನ್ನನ ನಿಯಮವನ್ನು ಬಿಡದೆ, ಕಾಣದ ಗ್ರಹವೊಂದನ್ನು ಊಹಿಸಿದರು. 1846ರ ಸೆಪ್ಟೆಂಬರಿನಲ್ಲಿ ನೆಪ್ಚೂನ್ ಸಿಕ್ಕಿತು. ಬುಧನ ಕಕ್ಷೆಯಲ್ಲಿ ಶತಮಾನಕ್ಕೆ ಸುಮಾರು 38 ವಿಕಲೆಗಳ (ಡಿಗ್ರಿಯ 3600ನೆಯ ಒಂದು ಭಾಗ ಒಂದು ವಿಕಲೆ) ವ್ಯತ್ಯಾಸ ಕಂಡಾಗಲೂ ಅವರು ಅದೇ ದಾರಿ ಹಿಡಿದು, 1859ರಲ್ಲಿ, ಸೂರ್ಯನ ಸಮೀಪ ಕಾಣದ ವಸ್ತುಗಳಿರಬೇಕೆಂದರು. ಅಲ್ಲಿ ಯಾವ ಗ್ರಹವೂ ಇರಲಿಲ್ಲ. 1915ರಲ್ಲಿ ಐನ್‌ಸ್ಟೈನರ ಗುರುತ್ವ ಸಿದ್ಧಾಂತ ಆ ವ್ಯತ್ಯಾಸವನ್ನು ವಿವರಿಸಿತು. ಒಬ್ಬರೇ ವ್ಯಕ್ತಿ, ಒಂದೇ ಯುಕ್ತಿ, ಒಮ್ಮೆ ಗೆಲುವು, ಒಮ್ಮೆ ಸೋಲು. ಎರಡನೆಯ ಸಲ ಲೆವೆರಿಯೆ ಮೂರ್ಖತನ ಮಾಡಿದರು ಎನ್ನಲು ನನಗೆ ಯಾವ ಆಧಾರವೂ ಕಾಣುವುದಿಲ್ಲ.

ವಿಜ್ಞಾನದ ಇತಿಹಾಸಕಾರ ಥಾಮಸ್ ಕೂನ್ ಅವರ ಆಕ್ಷೇಪ ಇದಕ್ಕಿಂತ ಆಳವಾದದ್ದು. ಐನ್‌ಸ್ಟೈನರ ಸಿದ್ಧಾಂತದೊಳಗೆ ನ್ಯೂಟನ್ನನ ನಿಯಮಗಳು ಮಂದ ವೇಗಕ್ಕೆ ಒಪ್ಪುವ ಒಂದು ವಿಶೇಷ ಸಂದರ್ಭವಾಗಿ ಉಳಿದಿವೆ ಎಂದು ನಾವು ಸಮಾಧಾನಪಟ್ಟುಕೊಳ್ಳುವಂತಿಲ್ಲ, ಏಕೆಂದರೆ ‘ದ್ರವ್ಯರಾಶಿ’ ಎಂಬ ಪದದ ಅರ್ಥವೇ ಬೇರೆಯಾಗಿದೆ ಎಂದು ಅವರು 1962ರಲ್ಲಿ ವಾದಿಸಿದರು. ಈ ಆಕ್ಷೇಪದ ಬಲವನ್ನು ನಾನು ತೋಟದಲ್ಲೇ ಕಂಡಿದ್ದೇನೆ. ಅಜ್ಜ ತುಕ್ಕು ಎಂದಾಗ ಅದು ಒಂದೇ ರೋಗದ ಹೆಸರು. ನಾನು ಅದೇ ಪದ ಬಳಸಿದಾಗ ಅದು ಒಂದು ಗುಂಪಿನ ಹೆಸರು. ಆದರೆ ಆ ಎರಡು ಅರ್ಥಗಳ ನಡುವೆ ಸೇತುವೆಯೇ ಇಲ್ಲ ಎನ್ನುವುದನ್ನು ನಾನು ಒಪ್ಪಲಾರೆ. ಅಜ್ಜ ತೋರಿಸುತ್ತಿದ್ದ ಎಲೆ, ಅದರ ಅಡಿಯ ಪುಡಿ, ಇಬ್ಬರ ಬೆರಳಿಗೂ ಅಂಟಿದ್ದು ಒಂದೇ.

ಇನ್ನೂ ಒಂದು ಸಂದೇಹ ಉಳಿಯುತ್ತದೆ, ಅದನ್ನು ಎತ್ತಿದವರು ಪ್ರತ್ಯಕ್ಷವನ್ನಷ್ಟೇ ಒಪ್ಪುವ ಚಾರ್ವಾಕರು. ಕಾಣದ ಉಪಾಧಿ ಇನ್ನೆಲ್ಲೋ ಇರಬಹುದಾದ್ದರಿಂದ ಯಾವ ವ್ಯಾಪ್ತಿಯನ್ನೂ ನಂಬುವಂತಿಲ್ಲ ಎಂದು ಅವರು ಹೇಳಿದ್ದರು. ಇದಕ್ಕೆ ನ್ಯಾಯದರ್ಶನದ ಉದಯನಾಚಾರ್ಯರು ಕೊಟ್ಟ ಉತ್ತರ, ಸಂದೇಹಕ್ಕೂ ಒಂದು ಎಲ್ಲೆಯಿದೆ, ಸಂದೇಹಪಡುವವನ ನಡೆಯೊಂದಿಗೇ ವಿರೋಧ ಬರುವಲ್ಲಿ ಅದು ನಿಲ್ಲುತ್ತದೆ ಎಂಬುದು. ಹೊಗೆ ಬೇಕಾದಾಗ ಸಂದೇಹಪಡುವವನೂ ಬೆಂಕಿಯನ್ನೇ ಹೊತ್ತಿಸುತ್ತಾನೆ. ಮೇ ತಿಂಗಳ ಕೊನೆಯಲ್ಲಿ, ಮಳೆ ಹಿಡಿಯುವ ಮೊದಲು, ಮೈಲುತುತ್ತ ಮತ್ತು ಸುಣ್ಣವನ್ನು ಬೆರೆಸಿ ತುಕ್ಕಿಗೆ ಸಿಂಪಡಿಸುವ ಬೋರ್ಡೋ ದ್ರಾವಣ ತಯಾರಿಸುವಾಗ ನಾನು ಈ ಉತ್ತರದ ಜೊತೆಯಲ್ಲೇ ಇರುತ್ತೇನೆ. ಈ ವರ್ಷವೂ ಎಸ್.795ರ ಪಟ್ಟೆಗೆ ಸಿಂಪಡಿಸಿದೆವು, ಎಲೆಗಳ ಅಡಿಭಾಗ ಚೆನ್ನಾಗಿ ನೆನೆಯುವಂತೆ. ಮಳೆ ಬಿಟ್ಟ ಮೇಲೆ, ಸೆಪ್ಟೆಂಬರಿನಲ್ಲಿ, ಇನ್ನೊಮ್ಮೆ ಸಿಂಪಡಿಸಬೇಕು.