ಕಥೆಯೇ ಇಲ್ಲ, ಇದರಲ್ಲಿ ಸಿನಿಮಾ ಎಲ್ಲಿದೆ?

ನನ್ನ ಕಿರುಚಿತ್ರ ನೋಡಿದವರು ಕೇಳುವುದು ಹೆಚ್ಚಾಗಿ ಇದನ್ನೇ: "ಕಥೆ ಇಲ್ಲ, ಮಾತಿಲ್ಲ. ಯಾರೋ ಕಾಣಿಸ್ತಾರೆ, ಆಮೇಲೆ ಮಾಯವಾಗ್ತಾರೆ. ಇದರಲ್ಲಿ ಸಿನಿಮಾ ಎಲ್ಲಿದೆ?"

ನನ್ನ ಪ್ರಕಾರ ಸಿನಿಮಾ ಇರುವುದೇ ಅಲ್ಲಿ.

ರೀಲಿನ ಪ್ರೊಜೆಕ್ಟರ್ ತಗೊಳ್ಳಿ. ಸೆಕೆಂಡಿಗೆ 24 ಫ್ರೇಮ್. ಒಂದು ಫ್ರೇಮ್ ಸರಿದು ಇನ್ನೊಂದು ಬರುವಾಗ ಶಟರ್ ಬೆಳಕಿಗೆ ಅಡ್ಡ ಬರುತ್ತದೆ, ಪರದೆ ಕತ್ತಲಾಗುತ್ತದೆ. ಆ ಕತ್ತಲು ನಮ್ಮ ಗಮನಕ್ಕೇ ಬರುವುದಿಲ್ಲ. ನಿಂತ ಚಿತ್ರಗಳನ್ನು ಸೇರಿಸಿ ಚಲನೆ ಮಾಡಿಕೊಳ್ಳುವುದು ನಮ್ಮ ಮಿದುಳು.

ಜಾದೂಗಾರ ಜಾರ್ಜ್ ಮೆಲಿಯೆ 1896ರಲ್ಲೇ ಇದನ್ನು ಬಳಸಿಕೊಂಡರು. ರಂಗದ ಮೇಲೆ ಹೆಂಗಸನ್ನು ಮಾಯ ಮಾಡಲು ನೆಲದಲ್ಲಿ ಕಳ್ಳಬಾಗಿಲು ಬೇಕಿತ್ತು, ಅದು ಇಲ್ಲ ಅಂತ ನಂಬಿಸಲು ಕುರ್ಚಿಯ ಕೆಳಗೆ ಪೇಪರ್ ಹಾಸುತ್ತಿದ್ದರು. ಮೆಲಿಯೆ ಕ್ಯಾಮೆರಾ ನಿಲ್ಲಿಸಿದರು, ಆಕೆ ಎದ್ದು ಹೋದರು, ಕ್ಯಾಮೆರಾ ಮತ್ತೆ ಓಡಿತು. ಕಳ್ಳಬಾಗಿಲಿನ ಅಗತ್ಯವೇ ಇಲ್ಲ. ಆದರೂ ಅವರ ಚಿತ್ರದಲ್ಲಿ ಆ ಪೇಪರ್ ಇದೆ! ನೋಡುವವರ ಅನುಮಾನ ನೆಲದ ಮೇಲೇ ಇರಲಿ, ಕ್ಯಾಮೆರಾ ಕಡೆ ಬರದಿರಲಿ ಅಂತ ಇಟ್ಟರೇನೋ ಅನಿಸುತ್ತದೆ ನನಗೆ.

ಇದನ್ನು ಇವತ್ತು ಮೊಬೈಲಿನಲ್ಲೂ ಮಾಡಬಹುದು. ಟ್ರೈಪಾಡ್ ಅಲುಗಬಾರದು. ಫೋಕಸ್, ಎಕ್ಸ್‌ಪೋಶರ್ (ಕ್ಯಾಮೆರಾ ಎಷ್ಟು ಬೆಳಕು ತಗೊಳ್ಳುತ್ತದೆ ಅನ್ನುವುದು) ಎರಡನ್ನೂ ಲಾಕ್ ಮಾಡಿ, ಇಲ್ಲದಿದ್ದರೆ ಆ ವ್ಯಕ್ತಿ ಹೋದ ಕೂಡಲೇ ಹಿಂದಿನ ಗೋಡೆಯ ಹೊಳಪು ಬದಲಾಗಿ ಗುಟ್ಟು ರಟ್ಟಾಗುತ್ತದೆ. ಕಿಟಕಿಯ ಬಿಸಿಲಂತೂ ಜಾಸ್ತಿ ಕಾಟ ಕೊಡುತ್ತದೆ. ನೆರಳು ಒಂದು ಬೆರಳಷ್ಟು ಸರಿದರೂ ಎಡಿಟಿಂಗ್‌ನಲ್ಲಿ ಚಕ್ಕನೆ ಹಾರಿದಂತೆ ಕಾಣುತ್ತದೆ.

ಆದರೆ ಹೀಗೆ ತಟ್ಟನೆ ಮಾಯವಾದರೆ ಎಲ್ಲರಿಗೂ ಗೊತ್ತಾಗುತ್ತದೆ, ಅಲ್ವಾ? ನನಗೆ ಇಷ್ಟವಾದದ್ದು ಇನ್ನೊಂದು ದಾರಿ. ಎರಡು ಶಾಟ್‌ಗಳ ನಡುವೆ ಕಣ್ಣು ಮಿಟುಕಿಸುವಷ್ಟು ಹೊತ್ತು ಖಾಲಿ ಪರದೆ ಇಡಿ, ಅಷ್ಟರಲ್ಲಿ ಒಂದು ವಸ್ತು ತೆಗೆದುಬಿಡಿ. ಸಾಕಷ್ಟು ದೊಡ್ಡ ವಸ್ತುವಾದರೂ ಎಷ್ಟೋ ಜನ ಗಮನಿಸುವುದೇ ಇಲ್ಲ. ಮನೋವಿಜ್ಞಾನಿಗಳು ಇದನ್ನು 1990ರ ದಶಕದಲ್ಲಿ ಪ್ರಯೋಗ ಮಾಡಿಯೇ ತೋರಿಸಿದ್ದಾರೆ. ಖಾಲಿ ಪರದೆ ಇಲ್ಲದೆ, ವಸ್ತುವನ್ನು ತುಂಬಾ ನಿಧಾನವಾಗಿ ಮಸುಕು ಮಾಡಿದರೂ ಅಷ್ಟೇ.

ಕಥೆ ಇದ್ದರೆ ನೀವು ಮುಂದೇನಾಗುತ್ತದೆ ಅಂತ ಕಾಯುತ್ತೀರಿ, ಪಾತ್ರದ ಹಿಂದೆ ಹೋಗುತ್ತೀರಿ. ಅದು ತಪ್ಪಲ್ಲ, ನನಗೂ ಕಥೆ ಇಷ್ಟ. ಆದರೆ ನಿಮ್ಮ ಕಣ್ಣು ಏನನ್ನು ಬಿಟ್ಟು ಏನನ್ನು ಸೇರಿಸಿಕೊಳ್ಳುತ್ತಿದೆ ಅನ್ನುವುದನ್ನು ನೀವೇ ಹಿಡಿಯಬೇಕು ಅಂತ ನನ್ನ ಆಸೆ. ಅದಕ್ಕೇ ಕಥೆಯನ್ನು ಪಕ್ಕಕ್ಕಿಟ್ಟಿದ್ದೇನೆ.

ನನ್ನ ಚಿತ್ರವನ್ನು ಇನ್ನೊಮ್ಮೆ ನೋಡುವುದಾದರೆ ನಡೆದಾಡುವವರನ್ನು ಬಿಟ್ಟು ಹಿಂದಿನ ಗೋಡೆ ನೋಡಿ. ಅಲ್ಲಿಂದ ಮೂರು ವಸ್ತು ತೆಗೆದಿದ್ದೇನೆ.